ದಕ್ಷಿಣಕ್ಕೆ ಸರಿದ ಊರು: ಒಂದು ಪ್ರಕರಣ ಅಧ್ಯಯನ

ಇಲ್ಲಿ ಬರುವ ತರುಣಿಯ ಒಪ್ಪಿಗೆ ಪಡೆದೇ ಇದನ್ನು ಬರೆದಿದ್ದೇನೆ. ಊರು, ಕಚೇರಿ, ಮನೆಮಂದಿಯ ವಿವರಗಳನ್ನು ಗುರುತು ಸಿಗದಷ್ಟು ಬದಲಿಸಿದ್ದೇನೆ, ಹೆಸರನ್ನು ಬಿಟ್ಟೇಬಿಟ್ಟಿದ್ದೇನೆ. ಕರಡನ್ನು ಆಕೆಗೇ ಕಳಿಸಿ ಓದಿಸಿದ್ದೂ ಆಯಿತು, ಆ ಕಥೆ ಕೊನೆಗೆ. ಆಪ್ತ ಸಮಾಲೋಚನೆ ಮಾಡುವವರಿಗೆ ಉಪಯೋಗಕ್ಕೆ ಬಂದೀತು ಅನ್ನುವುದು ಬರೆಯಲು ಒಂದು ಕಾರಣ. ಈ ಪ್ರಕರಣದಲ್ಲಿ ನಾನು ಎರಡು ಸಲ ಎಡವಿದೆ ಅನ್ನುವುದು ಇನ್ನೊಂದು.

ಹಿನ್ನೆಲೆ

ಮಲಪ್ರಭೆಯ ಸೀಮೆಯ ಸಣ್ಣ ಊರು. ಎರೆ ಹೊಲ, ಹಿಂಗಾರಿಗೆ ಬಿಳಿ ಜೋಳ, ಕಡಲೆ. ಮಳೆ ಕೈಕೊಟ್ಟ ವರ್ಷ ಅದೂ ಇಲ್ಲ. ಆ ಮನೆಯಲ್ಲಿ ಡಿಗ್ರಿ ಮುಗಿಸಿದ ಮೊದಲನೆಯವಳು ಆಕೆ. 2014ರಲ್ಲಿ ಬೆಂಗಳೂರಿಗೆ ಬಂದು, ಪಿಜಿಯೊಂದರಲ್ಲಿ ಇಳಿದುಕೊಂಡು, ಖಾಸಗಿ ಆಸ್ಪತ್ರೆಯೊಂದರ ಫೋನ್ ಸಹಾಯವಾಣಿಗೆ ಸೇರಿದಳು. ಡಾಕ್ಟರು ಸಿಗುವ ಸಮಯ ಹೇಳುವುದು, ರಿಪೋರ್ಟ್ ಬಂದಿದೆಯೇ ನೋಡುವುದು, ಔಷಧಿಯ ಪ್ರಶ್ನೆ ಬಂದರೆ ನರ್ಸಿಗೆ ಕರೆ ದಾಟಿಸುವುದು. ಕೆಲಸ ಇಷ್ಟೇ.

ತರಬೇತಿಯ ಎರಡನೇ ದಿನ ಅಣಕು ಕರೆಯೊಂದರಲ್ಲಿ ಆಕೆ, "ನಿಮ್ಮ ಮನಿ ವಿಳಾಸ ಹೇಳ್ರಿ" ಅಂದಳು. ತರಬೇತಿ ಕೊಡುತ್ತಿದ್ದಾತ ತಡೆದ. "ಮನಿ ಅಲ್ಲಮ್ಮ, ಮನೆ. ಮನಿ ಅಂದ್ರೆ ದುಡ್ಡು. ಪೇಷಂಟ್ ಹತ್ರ ದುಡ್ಡಿನ ವಿಳಾಸ ಕೇಳ್ತೀಯಾ?" ಹದಿನೆಂಟು ಜನ ನಕ್ಕರು. ಆಕೆಯೂ ನಕ್ಕಳು. "ನಾನೂ ನಕ್ಕೆ" ಅನ್ನುವ ಮಾತನ್ನು ನನ್ನ ಮುಂದೆ ಮೂರು ಬೇರೆ ಬೇರೆ ದಿನ ಹೇಳಿದ್ದಾಳೆ.

ಆರೇ ತಿಂಗಳಲ್ಲಿ ಮಾತು ಬದಲಾಯಿತು. ಟಿವಿ ನಿರೂಪಕಿಯರನ್ನು ಕೇಳಿ ಕೇಳಿ, ಪಿಜಿಯ ಮಾಳಿಗೆಯ ಮೇಲೆ ಒಬ್ಬಳೇ ಹೇಳಿ ಹೇಳಿ, ಗುಳಿಗಿ ಮಾತ್ರೆಯಾಯಿತು, ದವಾಖಾನಿ ಆಸ್ಪತ್ರೆಯಾಯಿತು, ಉಳ್ಳಾಗಡ್ಡಿ ಈರುಳ್ಳಿಯಾಯಿತು, ಕಸಬರಿಗೆ ಪೊರಕೆಯಾಯಿತು. ಇದರಲ್ಲಿ ತಪ್ಪೇನಿಲ್ಲ, ಹೊಟ್ಟೆಪಾಡಿಗೆ ಬಂದವರು ಎಲ್ಲರೂ ಒಂದಲ್ಲ ಒಂದು ರೀತಿಯಲ್ಲಿ ಮಾಡುವುದೇ. ಆದರೆ ಮಾತಿನ ಹಿಂದೆಯೇ ಊರೂ ಹೊರಟಿತು. "ನಿಮ್ಮೂರು ಯಾವುದು?" ಎಂದರೆ ಮೊದಲ ವರ್ಷ "ಹುಬ್ಬಳ್ಳಿ ಹತ್ರ" ಅನ್ನುತ್ತಿದ್ದಳು. ಆಮೇಲೆ "ದಾವಣಗೆರೆ ಕಡೆ" ಆಯಿತು. ಆಮೇಲೆ ತುಮಕೂರು. ಐದನೇ ವರ್ಷದ ಹೊತ್ತಿಗೆ "ಇಲ್ಲೇ, ವಿಜಯನಗರ". ರೈಲು ಹತ್ತಿದ ಹಾಗೆ ಊರು ವರ್ಷವರ್ಷ ದಕ್ಷಿಣಕ್ಕೆ ಸರಿಯುತ್ತ ಬಂತು. ಊರು ಸರಿದ ಮೇಲೆ ಅಪ್ಪ ಹೊಲದಲ್ಲಿ ನಿಂತಿರಲು ಹೇಗಾದೀತು? ಅವರು ಲೋಕೋಪಯೋಗಿ ಇಲಾಖೆಯಿಂದ ನಿವೃತ್ತರಾದರು.

ಕನ್ನಡ ನಾಡು ಒಂದಾಗಲಿ ಎಂಬ ಕೂಗಿಗೆ ಬಲ ಬಂದದ್ದು ಧಾರವಾಡದಿಂದ. ಕರ್ನಾಟಕ ವಿದ್ಯಾವರ್ಧಕ ಸಂಘ ಅಲ್ಲಿ ಶುರುವಾದದ್ದು 1890ರಲ್ಲಿ, ನಾಡು ಒಂದಾದದ್ದು 1956ರ ನವೆಂಬರ್ 1ಕ್ಕೆ. ಆ ಕಡೆಯ ಆಡುಮಾತಿನಲ್ಲಿ ಕವಿತೆ ಕಟ್ಟಿದ ದ.ರಾ. ಬೇಂದ್ರೆಯವರಿಗೆ 1973ರ ಜ್ಞಾನಪೀಠ ಬಂತು. ಇದನ್ನೆಲ್ಲ ಎತ್ತಿ ನಾನು ಆಕೆಗೆ ಧೈರ್ಯ ತುಂಬಲು ಹೋದಾಗ ಸಿಕ್ಕ ಉತ್ತರ: "ಬೇಂದ್ರೆ ಅಜ್ಜ ಅಂದ್ರ ಚಪ್ಪಾಳಿ ರೀ. ನಾ ಅಂದ್ರ ನಗು."

ಗಂಟಲು

2023ರಲ್ಲಿ ಆಕೆ ನನ್ನಲ್ಲಿಗೆ ಬಂದಾಗ ವಯಸ್ಸು ಮೂವತ್ತೊಂದು. ಸಹಾಯವಾಣಿಯಲ್ಲಿ ಒಂದು ತಂಡದ ಮುಖ್ಯಸ್ಥೆ. ಇನ್ನಿಬ್ಬರು ಗೆಳತಿಯರ ಜೊತೆ ಬಾಡಿಗೆ ಮನೆ. ದೂರು ಒಂದೇ: ಗಂಟಲು ಬಿಗಿಯುತ್ತದೆ, ಏನೋ ಸಿಕ್ಕಿಕೊಂಡ ಹಾಗಾಗುತ್ತದೆ, ದನಿ ಹೊರಡುವುದಿಲ್ಲ. ಕಿವಿ ಮೂಗು ಗಂಟಲಿನ ವೈದ್ಯರು ಕ್ಯಾಮೆರಾ ಇಳಿಸಿ ನೋಡಿ ಏನೂ ಇಲ್ಲ ಅಂದಿದ್ದರು. ಅಸಿಡಿಟಿಗೆ ಕೊಟ್ಟ ಮಾತ್ರೆ ನಾಟಿರಲಿಲ್ಲ. ದನಿಯ ಚಿಕಿತ್ಸಕರು ಗಂಟಲ ಸ್ನಾಯುಗಳು ಬಿಗಿದುಕೊಳ್ಳುತ್ತಿವೆ ಎಂದು ವ್ಯಾಯಾಮ ಕಲಿಸಿ, ಸಮಾಲೋಚಕರನ್ನೂ ನೋಡಿ ಎಂದು ಕಳಿಸಿದ್ದರು. ದೇಹದ ಕಾರಣಗಳನ್ನು ಮೊದಲು ನೋಡಿ ಮುಗಿಸಿದ್ದರು ಎಂಬುದನ್ನು ಒತ್ತಿ ಹೇಳುತ್ತೇನೆ. ಗಂಟಲಲ್ಲಿ ಏನೋ ಇದೆ ಎಂದು ಬಂದವರಿಗೆ ನೇರ "ನಿಮ್ಮ ಮನಸ್ಸಿನಲ್ಲೇನಿದೆ" ಎಂದು ಕೇಳುವುದು ಅಪಾಯ.

ನನ್ನ ಮೊದಲ ತಪ್ಪು ಮೊದಲ ಭೇಟಿಯ ಹತ್ತನೇ ನಿಮಿಷದಲ್ಲಿ ಆಯಿತು. ದಾಖಲೆಗೆಂದು ಹುಟ್ಟೂರು ಕೇಳಿದೆ. ತಡವರಿಸಿ, ನಿಜವಾದ ಊರನ್ನು ಹೇಳಿದಳು. ನಾನು ಮೆಚ್ಚುಗೆಯಿಂದ, "ಹೌದಾ! ನಿಮ್ಮ ಕನ್ನಡ ಕೇಳಿದ್ರೆ ಆ ಕಡೆಯವರು ಅಂತ ಗೊತ್ತೇ ಆಗಲ್ಲ" ಅಂದೆ. ಆಕೆ "ಥ್ಯಾಂಕ್ಸ್ ಮೇಡಂ" ಅಂದಳು. ಮುಂದಿನ ಐದು ಭೇಟಿ ನನಗೆ ಸಿಕ್ಕಿದ್ದು ಸಹಾಯವಾಣಿಯ ದನಿ ಮಾತ್ರ. ಅಷ್ಟು ಚಂದ, ಅಷ್ಟು ಖಾಲಿ.

ನಾನು ಮಂಡ್ಯ ಜಿಲ್ಲೆಯವಳು. ಹೈಸ್ಕೂಲಿನಲ್ಲಿ "ಹಾಲು" ಅನ್ನಲು ಹೋಗಿ "ಆಲು" ಅಂದು ನಗೆಪಾಟಲಾದವಳು. ಹಕಾರವನ್ನು ಪಳಗಿಸಿಕೊಂಡದ್ದು ನನ್ನ ಪಾಲಿಗೆ ಗೆಲುವೇ ಆಗಿತ್ತು. ಆಕೆಯನ್ನು ಹೊಗಳುವ ನೆಪದಲ್ಲಿ ನನ್ನನ್ನೇ ಹೊಗಳಿಕೊಂಡೆನೋ ಏನೋ.

ಭಾನುವಾರದ ಲೆಕ್ಕ

ದಿನಕ್ಕೆ ಅರವತ್ತು ಎಪ್ಪತ್ತು ಕರೆ ಮಾತಾಡುವವಳ ಗಂಟಲು ಕಟ್ಟಿದರೆ ಮಾತು ಹೆಚ್ಚಾಯಿತು ಅಂದುಕೊಳ್ಳುವುದು ಸಹಜ. ಆಕೆ, ಆಕೆಯ ವೈದ್ಯರು, ನಾನು, ಮೂವರೂ ಹಾಗೇ ಅಂದುಕೊಂಡಿದ್ದೆವು. ನೀರು, ಬಿಸಿ ಹಬೆ, ಕರೆಗಳ ನಡುವೆ ಬಿಡುವು ಎಲ್ಲ ನಡೆದಿತ್ತು. ಇದರ ಮೇಲೆ ಕಚೇರಿಯ ಒತ್ತಡವೂ ಸೇರಿದೆ ಎಂದು ನಾನು ಇನ್ನೊಂದು ಪದರ ಹಚ್ಚಿದ್ದೆ. ಅಮೆರಿಕದ ಸಮಾಜಶಾಸ್ತ್ರಜ್ಞೆ ಆರ್ಲಿ ಹಾಕ್‌ಶೀಲ್ಡ್ ವಿಮಾನ ಪರಿಚಾರಿಕೆಯರ ನಗುವನ್ನು ಅಧ್ಯಯನ ಮಾಡಿ, ಸಂಬಳಕ್ಕಾಗಿ ಭಾವನೆಯನ್ನು ತಿದ್ದಿ ತೋರಿಸುವುದೂ ಒಂದು ದುಡಿಮೆಯೇ ಎಂದು 1983ರಲ್ಲೇ ಬರೆದಿದ್ದರು. ಇದು ಅದೇ ಎಂದು ನನಗೆ ಖಾತ್ರಿಯಾಗಿತ್ತು.

ಖಾತ್ರಿ ಮಾಡಿಕೊಳ್ಳಲೆಂದೇ ಎರಡು ವಾರ ಒಂದು ಪಟ್ಟಿ ಬರೆಯಲು ಹೇಳಿದೆ: ಎಷ್ಟು ಹೊತ್ತಿಗೆ, ಯಾರ ಜೊತೆ ಮಾತು, ಗಂಟಲು ಹತ್ತಕ್ಕೆ ಎಷ್ಟು ಬಿಗಿ. ಪಟ್ಟಿ ಬಂದಾಗ ನಮ್ಮ ಲೆಕ್ಕವೆಲ್ಲ ತಲೆಕೆಳಗಾಯಿತು. ಎಂಟು ಗಂಟೆಯ ಪಾಳಿಯಲ್ಲಿ ಎರಡು, ಮೂರು. ಹಬ್ಬದ ಮರುದಿನ ಕರೆಗಳು ಮುಗಿಬಿದ್ದಾಗಲೂ ನಾಲ್ಕು ದಾಟಿಲ್ಲ. ಎಂಟು, ಒಂಬತ್ತು ಬಂದದ್ದು ಎರಡೂ ಭಾನುವಾರ, ರಜೆಯ ದಿನ, ಸಂಜೆ. ಎದುರಿಗೆ ಬರೆದದ್ದು ಒಂದೇ ಪದ: ಅವ್ವ.

ಈ ಪ್ರಕರಣ ತಿರುಗಿದ್ದು ಇಲ್ಲಿ. ಬಹಳ ಮಾತಾಡಿದ್ದಕ್ಕೆ ಕಟ್ಟಿದ ಗಂಟಲಾಗಿದ್ದರೆ ಭಾನುವಾರ ಬಿಡಬೇಕಿತ್ತು.

ಆದರೂ ಆ ದಿನ ಆಕೆ ಏನೂ ಹೇಳಲಿಲ್ಲ. ಅವ್ವನ ಜೊತೆ ಮಾತು ಮೂರು ನಿಮಿಷಕ್ಕೆ ಮುಗಿಯುತ್ತದೆ, ಊಟ ಆಯಿತಾ, ಮಳೆ ಬಂತಾ, ಅಷ್ಟೇ ಎಂದಳು. ನಾನು ಕಾಯಬೇಕಿತ್ತು, ಕಾಯಲಿಲ್ಲ. "ಇಲ್ಲಿ ನಿಮ್ಮ ಊರಿನ ಕನ್ನಡದಲ್ಲೇ ಮಾತಾಡಿ, ಸಹಜವಾಗಿರಿ" ಅಂದೆ. ಇದು ಎರಡನೇ ತಪ್ಪು. ಆಕೆ ಶುರುಮಾಡಿದಳು. ಕೇಳಿದರೆ ಟಿವಿಯ ಹಾಸ್ಯ ಕಾರ್ಯಕ್ರಮದ ಉತ್ತರ ಕರ್ನಾಟಕದ ಪಾತ್ರದ ಹಾಗೆ, ಪ್ರತಿ ಮಾತಿಗೂ ಎರಡೆರಡು "ರೀ", ದನಿ ಏರಿಸಿ, ಕೈ ಬೀಸಿ. ನನಗೆ ನಗು ಬಂತು. ಸದ್ದಾಗುವಷ್ಟೇ ನಕ್ಕೆ.

ಆಕೆ ನಿಲ್ಲಿಸಿದಳು. ಬಹಳ ಮೆತ್ತಗೆ, "ನೋಡ್ರಿ, ನೀವೂ ನಕ್ಕ್ರಿ" ಅಂದಳು.

ಕ್ಷಮೆ ಕೇಳಿದೆ. ಆಲಿನ ಕಥೆಯನ್ನೂ ಹೇಳಿದೆ. ಸಮಾಲೋಚಕರು ತಮ್ಮ ಕಥೆ ಹೇಳಬಾರದು ಎಂಬ ನಿಯಮ ನನಗೂ ಗೊತ್ತಿದೆ, ಆ ಹೊತ್ತಿಗೆ ಮುರಿದೆ. ಸರಿಯೇ ತಪ್ಪೇ ಎಂದು ಈಗಲೂ ಯೋಚಿಸುತ್ತೇನೆ. ನಡೆದದ್ದಿಷ್ಟು: ಮುಂದಿನ ಭೇಟಿಗೆ ಆಕೆ ಬಂದಳು, ಬಂದು ಕೂತವಳೇ ಹೇಳಿದಳು.

ನಾಲ್ಕು ದಿನ

ಹಿಂದಿನ ವರ್ಷ ಅವ್ವನಿಗೆ ಕಣ್ಣಿನ ಪೊರೆಯ ಆಪರೇಷನ್ ಬೆಂಗಳೂರಿನಲ್ಲಿ ಆಯಿತು. ಮಗಳ ಬಾಡಿಗೆ ಮನೆಯಲ್ಲಿ ನಾಲ್ಕು ದಿನ ಉಳಿಯುವುದು. ಜೊತೆಗಿದ್ದ ಗೆಳತಿಯರ ಲೆಕ್ಕದಲ್ಲಿ ಈಕೆ ವಿಜಯನಗರದವಳು, ಅಪ್ಪ ನಿವೃತ್ತ ನೌಕರ. ಅವ್ವ ಬಾಯಿ ಬಿಟ್ಟರೆ ಒಂಬತ್ತು ವರ್ಷ ಕಟ್ಟಿದ್ದು ಒಂದು ವಾಕ್ಯಕ್ಕೆ ಬೀಳುತ್ತದೆ. ಬಸ್ ಸ್ಟ್ಯಾಂಡಿನಿಂದ ಕರೆತರುವಾಗ ಆಟೋದಲ್ಲೇ ಹೇಳಿದಳು: "ಅವ್ವಾ, ಅವ್ರ ಮುಂದ ಜಾಸ್ತಿ ಮಾತಾಡಬ್ಯಾಡ."

ಅವ್ವ ಯಾಕೆಂದು ಕೇಳಲಿಲ್ಲ. ನಾಲ್ಕು ದಿನ ಮಾತಾಡಲಿಲ್ಲ. ಗೆಳತಿಯರು ಏನಾದರೂ ಕೇಳಿದರೆ ತಲೆಯಾಡಿಸಿದರು, ನಕ್ಕರು. ಪಾಪ, ಆಂಟಿ ತುಂಬ ಸಂಕೋಚದವರು ಅಂದರು ಗೆಳತಿಯರು. ಐದನೇ ದಿನ ಊರಿನ ಬಸ್ ಹತ್ತಿದರು. ಇದಾಗಿ ಎರಡು ತಿಂಗಳಿಗೆ ಗಂಟಲು ಶುರುವಾಗಿತ್ತು. ಎರಡಕ್ಕೂ ನಂಟಿರಬಹುದು ಎಂದು ಆಕೆಗೆ ಹೊಳೆದೇ ಇರಲಿಲ್ಲ. ಗಂಟಲಿನ ವಿಷಯ ಹೇಳುತ್ತಿದ್ದದ್ದು ವೈದ್ಯರಿಗೆ, ಅವ್ವನ ವಿಷಯ ಹೇಳುತ್ತಿದ್ದದ್ದು ಯಾರಿಗೂ ಇಲ್ಲ.

ಬ್ರಿಟನ್ನಿನ ಮಕ್ಕಳ ವೈದ್ಯ, ಮನೋವಿಶ್ಲೇಷಕ ವಿನ್ನಿಕಾಟ್ 1960ರಲ್ಲಿ "ನಿಜದ ನಾನು", "ಸುಳ್ಳು ನಾನು" ಎಂಬ ಎರಡನ್ನು ಮುಂದಿಟ್ಟರು. ಇದನ್ನು ಉದ್ಧರಿಸುವವರು ಸುಳ್ಳನ್ನು ಕಿತ್ತೊಗೆಯಿರಿ ಎಂಬಷ್ಟಕ್ಕೆ ನಿಲ್ಲಿಸಿಬಿಡುತ್ತಾರೆ. ಅವರು ಹೇಳಿದ್ದು ಅದಲ್ಲ. ಆರೋಗ್ಯವಂತರಲ್ಲೂ ಒಂದು ಹೊರಮೈ ಇರುತ್ತದೆ, ನಾಲ್ಕು ಜನರ ನಡುವೆ ನಡೆದುಕೊಳ್ಳುವ ರೀತಿ ಅದು, ಒಳಗಿನದನ್ನು ಕಾಯುವುದೂ ಅದೇ. ಕಾವಲುಗಾರನೇ ಮನೆಯ ಯಜಮಾನನಾದಾಗ ಮಾತ್ರ ಕಷ್ಟ. ಆ ಕನ್ನಡಿಯಲ್ಲಿ ನೋಡಿದರೆ ಆಕೆಯ ಬೆಂಗಳೂರು ಕನ್ನಡ ಎಂದೂ ತೊಂದರೆ ಕೊಟ್ಟಿರಲಿಲ್ಲ. ಪಟ್ಟಿಯೇ ಹೇಳುತ್ತಿತ್ತಲ್ಲ, ದಿನಕ್ಕೆ ಎಪ್ಪತ್ತು ಕರೆಯಲ್ಲಿ ಅದೇ ಕನ್ನಡ, ಗಂಟಲು ಆರಾಮ. ಆ ಕನ್ನಡವನ್ನು ಉಳಿಸಿಕೊಳ್ಳಲು ಯಾರ ಬಾಯಿ ಮುಚ್ಚಿಸಬೇಕಾಯಿತು ಅನ್ನುವುದು ತೊಂದರೆ. "ನಿಮ್ಮತನ ಬಿಡಬೇಡಿ" ಎಂದು ನಾನು ಮಾತಿನ ಧಾಟಿಯನ್ನು ಹಿಡಿದು ಜಗ್ಗುತ್ತಿದ್ದಾಗ, ಮುಳ್ಳು ನೆಟ್ಟಿದ್ದು ಬೇರೆ ಕಡೆ ಇತ್ತು.

ಆ ಕರೆ, ಮತ್ತು ಆಮೇಲಿನ ಚಪ್ಪಾಳೆ

ಈ ನಡುವೆ ಕಚೇರಿಯಲ್ಲಿ ಒಂದು ಘಟನೆ ನಡೆಯಿತು. ಬೆಳಿಗ್ಗೆ ಹತ್ತರ ಸುಮಾರಿಗೆ ಬಾಗಲಕೋಟೆ ಕಡೆಯಿಂದ ಗಾಬರಿಯ ಕರೆ. "ಅವ್ವಗ ಚಕ್ಕರ ಬರಾಕತ್ತಾವ್ರಿ, ಮೈ ಎಲ್ಲಾ ಬೆವತೈತಿ." ಸಕ್ಕರೆ ಕಾಯಿಲೆಯವರು. ಬರೆದುಕೊಟ್ಟ ಸಾಲಿನ ಪ್ರಕಾರ ಆಕೆ ಕೇಳಿದಳು: "ಮಾತ್ರೆಯನ್ನು ತಿಂಡಿಗೆ ಮುಂಚೆ ತೆಗೆದುಕೊಂಡಿದ್ದಾರಾ?" ಆ ಹುಡುಗ, "ಹೌದ್ರಿ, ತಿಂಡಿ ಏನೂ ತಿಂದಿಲ್ರಿ" ಅಂದ. ಅವನ ಲೆಕ್ಕದಲ್ಲಿ ಸರಿಯಾದ ಉತ್ತರ. ಆ ಮನೆಗಳಲ್ಲಿ ಮುಂಜಾನೆ ಚಹಾ, ಹತ್ತು ಹನ್ನೊಂದಕ್ಕೆ ರೊಟ್ಟಿ ಊಟ. ಬೆಂಗಳೂರಿನ ಎಂಟು ಗಂಟೆಯ ತಿಂಡಿ ಅಲ್ಲಿಲ್ಲ. ಆಕೆಗೆ ಥಟ್ಟನೆ ಹೊಳೆಯಿತು: "ಗುಳಿಗಿ ನುಂಗಿ ಎಷ್ಟೊತ್ತಾತಪಾ? ರೊಟ್ಟಿ ತಿಂದಾಳೇನು ಇನ್ನೂ ಇಲ್ಲೇನು?" ಗುಳಿಗೆ ನುಂಗಿ ಮೂರು ತಾಸಾಗಿತ್ತು, ಸಕ್ಕರೆ ಹಾಕದ ಚಹಾ ಬಿಟ್ಟರೆ ಹೊಟ್ಟೆಯಲ್ಲಿ ಏನಿಲ್ಲ. ಕೆಲವು ಸಕ್ಕರೆ ಕಾಯಿಲೆಯ ಮಾತ್ರೆಗಳು ನಾವು ಉಂಡರೂ ಬಿಟ್ಟರೂ ಇನ್ಸುಲಿನ್ ಸುರಿಸುತ್ತವೆ. ಊಟ ತಡವಾದರೆ ರಕ್ತದ ಸಕ್ಕರೆ 70ರ ಕೆಳಗಿಳಿದು ಬೆವರು, ನಡುಕ, ತಲೆಸುತ್ತು. ಆಕೆ ಇಷ್ಟನ್ನೂ ಹೇಳಿಯೇ ನರ್ಸಿಗೆ ದಾಟಿಸಿದಳು. ಎಚ್ಚರವಿದ್ದಾರೆಂದು ಕೇಳಿ ತಿಳಿದು ನರ್ಸ್ ಮೂರು ಚಮಚ ಸಕ್ಕರೆ ಕದಡಿದ ನೀರು ಕುಡಿಸಿ, ಕಾಲು ಗಂಟೆ ಬಿಟ್ಟು ಮತ್ತೆ ನೋಡಲು ಹೇಳಿದರು. ಚೇತರಿಸಿಕೊಂಡರು.

ಆ ಕರೆಗೆ ಬಂದ ಗುಣಮಟ್ಟದ ಹಾಳೆ ನನಗೆ ಬಹಳ ಇಷ್ಟ. ಸಮಸ್ಯೆ ಪರಿಹಾರ: ಹತ್ತಕ್ಕೆ ಹತ್ತು. ಶುದ್ಧ ಭಾಷೆ: ಹತ್ತಕ್ಕೆ ಸೊನ್ನೆ.

ಕಥೆ ಇಲ್ಲಿಗೆ ಮುಗಿದಿದ್ದರೆ ಚೆನ್ನಾಗಿರುತ್ತಿತ್ತು. ಮೇಲಿನವರಿಗೆ ಸುದ್ದಿ ಹೋಯಿತು, ಹೊಗಳಿದರು, "ಉತ್ತರ ಕರ್ನಾಟಕ ಡೆಸ್ಕ್" ಎಂದು ಮಾಡಿ ಈಕೆಯನ್ನು ಕೂರಿಸೋಣ ಅಂದರು. ಒಪ್ಪಿದಳು. ಆಮೇಲೆ ಇಳಕಲ್ ಸೀರೆ ಉಟ್ಟು, ಕೈಯಲ್ಲಿ ರೊಟ್ಟಿಯ ಬುಟ್ಟಿ ಹಿಡಿದು, "ಬರ್ರಿ ನಮ್ಮ ದವಾಖಾನಿಗೆ" ಅನ್ನುವ ವಿಡಿಯೊ ಮಾಡೋಣ ಅಂದರು. ಒಂಬತ್ತು ವರ್ಷ ಯಾವುದನ್ನು ಮುಚ್ಚಿಟ್ಟಿದ್ದಳೋ ಅದನ್ನೇ ಈಗ ಯೂನಿಫಾರ್ಮ್ ಮಾಡಿ ಹೊಲಿಸಿಕೊಡುತ್ತಿದ್ದರು. ಒಳ್ಳೆಯ ಮನಸ್ಸಿನಿಂದಲೇ ಕೊಡುತ್ತಿದ್ದರು ಅನ್ನಿ.

ಏನು ಮಾಡಲಿ ಎಂದು ನನ್ನನ್ನು ಕೇಳಿದಳು. ನಾನು ಸಲಹೆ ಕೊಡಲಿಲ್ಲ, ಎರಡು ಸಲ ಸುಟ್ಟುಕೊಂಡಿದ್ದೆ. ಆ ವಿಡಿಯೊ ಅವ್ವ ನೋಡಿದರೆ ಏನನ್ನಿಸಬಹುದು ಎಂದು ಮಾತ್ರ ಕೇಳಿದೆ. ಬಹಳ ಹೊತ್ತು ಸುಮ್ಮನಿದ್ದು, "ಅಕಿ ಮಾತಾಡಿದ್ರ ಬ್ಯಾಡ, ನಾ ಕ್ಯಾಮೆರಾ ಮುಂದ ಮಾತಾಡಿದ್ರ ಚಂದ ಅಂತಾಳೇನ್ರಿ?" ಅಂದಳು.

ವಿಡಿಯೊಗೆ ಆಗುವುದಿಲ್ಲ ಎಂದಳು. ಅದರ ಬದಲು ಒಂದು ಬೇಡಿಕೆ ಇಟ್ಟಳು: ಹಾಳೆಯಲ್ಲಿ "ಶುದ್ಧ ಭಾಷೆ" ತೆಗೆದು "ಕರೆ ಮಾಡಿದವರಿಗೆ ತಿಳಿಯಿತೇ" ಎಂದು ಹಾಕಿ. ನಾಲ್ಕು ತಿಂಗಳು ಓಡಾಡಿದ್ದಕ್ಕೆ ಅರ್ಧ ಸಿಕ್ಕಿತು. ಈಗ ಅದಕ್ಕೆ ಐದು ಅಂಕ, ಶುದ್ಧ ಭಾಷೆಗೆ ಇನ್ನೂ ಐದು. ಮೈಸೂರಿನ ಕಡೆಯ ಕರೆ ಬಂದರೆ ಈಗಲೂ ಆಕೆಯ ಬಾಯಲ್ಲಿ "ಹೇಳಿ ಸರ್, ಏನಾಗಬೇಕಿತ್ತು" ಎಂಬ ನುಣುಪು ಕನ್ನಡವೇ. ಅದು ನಟನೆಯಲ್ಲವೇ ಎಂದು ಕೆಣಕಿದೆ. "ಇಲ್ರಿ. ಅದೂ ನಂದ. ಒಂಬತ್ತು ವರ್ಷ ದುಡದು ಗಳಿಸೇನಿ."

ಇನ್ನೊಂದು ಕಣ್ಣು

ಅವ್ವನ ಮುಂದೆ ಹೇಳಿಕೊಳ್ಳುವುದು ಉಳಿದಿತ್ತು. ಫೋನಿನಲ್ಲಿ ಆಗದು. ಪತ್ರ ಬರೆಯಲು ಕೂತಳು. ಬರೆಯುವ ಕನ್ನಡದಲ್ಲಿ ಬರೆದರೆ ಸರ್ಕಾರಿ ನೋಟಿಸಿನ ಹಾಗೆ, ಆಡುವ ಕನ್ನಡದಲ್ಲಿ ಬರೆದು ಅಭ್ಯಾಸವಿಲ್ಲ. ಮೂರು ಹಾಳೆ ಹರಿದು, ಕಾರಹುಣ್ಣಿಮೆಗೆ ಊರಿಗೇ ಹೋದಳು. ನಾವಿಬ್ಬರೂ ಏನೇನೋ ತಯಾರಿ ಮಾಡಿದ್ದೆವು: ಅವ್ವ ಅತ್ತರೆ ಹೀಗೆ, ಸಿಟ್ಟಾದರೆ ಹಾಗೆ. ಅವ್ವ ಎರಡೂ ಮಾಡಲಿಲ್ಲ. ಎತ್ತುಗಳ ಕೊಂಬಿಗೆ ಬಣ್ಣ ಹಚ್ಚುತ್ತಿದ್ದ ಅಪ್ಪನಿಗೂ ಕೇಳುವ ಹಾಗೆ ಹೇಳಿದರಂತೆ: "ನಾಕ ದಿನ ಬಾಯಿಗೆ ಬೀಗ ಹಾಕ್ಕೊಂಡ ಕುಂತಿದ್ದೆ. ಟಿವಿ ನೋಡೂಣು ಅಂದ್ರ ಒಂದ ಕಣ್ಣಿಗೆ ಪಟ್ಟಿ, ಇನ್ನೊಂದಕ್ಕ ಪೊರಿ." ಆಮೇಲೆ, "ಇನ್ನೊಂದ ಕಣ್ಣ ಉಳದೈತೆಲ್ಲ. ಈ ಸಲ ಬಂದ್ರ ನಾ ಮಾತಾಡಾಕಿನ."

ಗೆಳತಿಯರಿಗೆ ಹೇಳಲೇಬೇಕಾದ ಗಡುವು ಹೀಗೆ ಕಣ್ಣಿನ ಡಾಕ್ಟರರ ತಾರೀಖಿನ ರೂಪದಲ್ಲಿ ಬಂತು. ಹೇಳಿದಳು. ಒಬ್ಬಳು ನಕ್ಕು, "ಇಷ್ಟಕ್ಕಾ?" ಅಂದಳು. ಇನ್ನೊಬ್ಬಳು ನಗಲಿಲ್ಲ. "ನಿಮ್ಮ ಊರು ಯಾವುದಾದರೂ ನನಗೇನು. ನಾಲ್ಕು ವರ್ಷ ಒಂದೇ ತಟ್ಟೆಯಲ್ಲಿ ತಿಂದು ಸುಳ್ಳು ಹೇಳಿದೆಯಲ್ಲ, ಅದು" ಅಂದಳು. ಆ ಸ್ನೇಹ ಮೊದಲಿನ ಹಾಗೆ ಆಗಿಲ್ಲ, ಬಾಡಿಗೆ ಕರಾರು ಮುಗಿದಾಗ ಆ ಗೆಳತಿ ಬೇರೆ ಮನೆಗೆ ಹೋದಳು. ನಿಜ ಹೇಳಿದರೆ ಎಲ್ಲ ಸರಿಹೋಗುತ್ತದೆ ಎಂದು ಸಮಾಲೋಚನೆಗೆ ಬಂದವರಿಗೆ ಭರವಸೆ ಕೊಡುವವರು ಈ ಗೆಳತಿಯನ್ನು ನೆನಪಿಡಬೇಕು. ಆಕೆಯ ನೋವೂ ನ್ಯಾಯವೇ.

ಎರಡನೇ ಆಪರೇಷನ್‌ಗೆ ಅವ್ವ ಆರು ದಿನ ಇದ್ದರು. ಮಾತಾಡಿದರು. ಮೂರನೇ ದಿನಕ್ಕೆ ಉಳಿದಿದ್ದ ಗೆಳತಿಗೆ ರೊಟ್ಟಿ ಬಡಿಯಲು ಕಲಿಸಿ, ಬೆಂಗಳೂರಿನ ಜೋಳದ ಹಿಟ್ಟಿಗೆ ಜಿಗುಟು ಇಲ್ಲ ಎಂದು ಬೈದರು. ಮಗಳಿಗೆ ಸ್ವಲ್ಪ ಸುಸ್ತೇ ಆಯಿತಂತೆ.

ಗಂಟಲಿನ ವಿಷಯ: ಪೂರ್ತಿ ಬಿಟ್ಟಿಲ್ಲ. ಭಾನುವಾರದ ಅಂಕ ಎಂಟರಿಂದ ಎರಡಕ್ಕೆ ಇಳಿದಿದೆ, ಕೆಲಸ ಹೆಚ್ಚಾದ ದಿನ ಇನ್ನೂ ನಾಲ್ಕು ಮುಟ್ಟುತ್ತದೆ. ದನಿಯ ವ್ಯಾಯಾಮ ನಡೆದಿದೆ. ಯಾವುದರಿಂದ ಎಷ್ಟು ಗುಣವಾಯಿತು ಎಂದು ಬಿಡಿಸಿ ಹೇಳಲಾರೆ. ನನ್ನ ಮಟ್ಟಿಗೆ ಬದಲಾದದ್ದು ಕೆಲಸದ ಕ್ರಮ. "ನೀವು ನೀವಾಗಿರಿ" ಎಂದು ಈಗ ಯಾರಿಗೂ ಹೇಳುವುದಿಲ್ಲ. ಈ ವೇಷ ಉಳಿಯಬೇಕಾದರೆ ಯಾರು ತೆರೆಮರೆಗೆ ಹೋಗಬೇಕು ಎಂದು ಕೇಳುತ್ತೇನೆ. ಯಾರೂ ಹೋಗಬೇಕಿಲ್ಲವಾದರೆ ಆ ವೇಷ ಇರಲಿ ಬಿಡಿ, ಎಷ್ಟೋ ಸಲ ಅದು ಬರೀ ಒಳ್ಳೆಯ ಅಂಗಿ. ಮತ್ತೆ, ಎರಡು ವಾರದ ಪಟ್ಟಿಯನ್ನು ಆರನೇ ಭೇಟಿಗಲ್ಲ, ಮೊದಲನೆಯದಕ್ಕೇ ಕೊಡುತ್ತೇನೆ.

ಈ ಬರಹದ ಕರಡು ಕಳಿಸಿದ ನಾಲ್ಕನೇ ದಿನ ವಾಪಸ್ ಬಂತು. ಎರಡು ವಾಕ್ಯ ಹೊಡೆದುಹಾಕಿದ್ದಳು, ಅವು ಇಲ್ಲಿಲ್ಲ. ಜೊತೆಗೆ ಕೆಂಪು ಶಾಯಿಯಲ್ಲಿ ಹನ್ನೊಂದು ತಿದ್ದುಪಡಿ, ಎಲ್ಲವೂ ಆಕೆಯ ಮತ್ತು ಅವ್ವನ ಮಾತುಗಳಲ್ಲಿ. ನಾನು ಬರೆದದ್ದು ಯಾವ ಊರಿನದೂ ಅಲ್ಲದ, ಟಿವಿಯಿಂದ ಎತ್ತಿದ ಮಾತಂತೆ. ಒಂದೊಂದನ್ನೂ ತಮ್ಮ ಊರಿನ ಬಾಯಿಗೆ ತಿರುಗಿಸಿ ಬರೆದಿದ್ದಳು. ಕೊನೆಯ ಪುಟದ ಅಂಚಿನಲ್ಲಿ ಸಣ್ಣಗೆ ಒಂದು ಸಾಲು: "ಮನಿ ಅಂತ ಬರದದ್ದು ಮಾತ್ರ ಸರಿ ಐತ್ರಿ ಮೇಡಂ."